ಪಣಜಿಯ ಸಭೆಯಲ್ಲೊಂದು ಠರಾವು

ಗೋವೆಯ ಸಾಷ್ಟಿ ಸೀಮೆಯ ಚಾಂದೋರ್ ಒಂದು ಕಾಲಕ್ಕೆ ಕದಂಬರ ರಾಜಧಾನಿ ಚಂದ್ರಪುರ. ಅರಸರು ಅಲ್ಲಿಂದ ಗೋಪಕಪಟ್ಟಣಕ್ಕೆ ಸರಿದರು. ಶತಮಾನಗಳು ಕಳೆದು ಪೋರ್ಚುಗೀಸರ ಆಳ್ವಿಕೆ ಬಂತು. ಇಗರ್ಜಿಯ ಬಯಲಿಗೆ ಮುಖ ಮಾಡಿ ನಿಂತಿರುವ ಬ್ರಗಾಂಜಾ ಮನೆ ಆ ಆಳ್ವಿಕೆಯಲ್ಲಿ ಬೆಳೆದ ಸಿರಿಗೆ ಇಂದಿಗೂ ಸಾಕ್ಷಿ. ಬೀದಿಯುದ್ದಕ್ಕೂ ಸಾಲುಗಟ್ಟಿದ ಕಿಟಕಿಗಳು, ಚೀನಾದ ಪಿಂಗಾಣಿ, ಗಾಜಿನ ತೂಗುದೀಪಗಳ ನೃತ್ಯಶಾಲೆ, ಸಾವಿರಾರು ಹೊತ್ತಗೆಗಳ ಭಂಡಾರ. 1878ರ ಜನವರಿ 15ರಂದು ಚಾಂದೋರಿನಲ್ಲಿ ಹುಟ್ಟಿದ ಲೂಯಿಸ್ ದ ಮೆನೆಜಿಸ್ ಬ್ರಗಾಂಜಾ ಇಂಥ ಮನೆತನದ ಕುಡಿ. ಆಳುವವರ ಕೃಪೆಯಲ್ಲಿ ನೆಮ್ಮದಿಯಾಗಿ ಬಾಳಬಹುದಾಗಿದ್ದ ಈ ಭಾಟ್ಕಾರರು, ಅಂದರೆ ಜಮೀನುದಾರರು, ಆಳುವವರದೇ ಭಾಷೆಯಲ್ಲಿ ಅವರನ್ನು ಎದುರು ಹಾಕಿಕೊಂಡರು.

ರಾಚೋಲಿನ ಸೆಮಿನರಿಯಲ್ಲಿ, ಪಣಜಿಯ ಲೈಸಿಯಮ್ಮಿನಲ್ಲಿ ಅವರ ಓದು. ಸೆಮಿನರಿಯ ಪಾಠ ಅವರನ್ನು ಪಾದ್ರಿಯಾಗಿಸಲಿಲ್ಲ. ಧರ್ಮಪೀಠವನ್ನೂ ಜಾತಿಯನ್ನೂ ಅಳುಕಿಲ್ಲದೆ ಪ್ರಶ್ನಿಸುವ ವಿಚಾರವಾದಿಯಾದರು. 1900ರಲ್ಲಿ ಮೆಸಿಯಾಸ್ ಗೋಮ್ಸ್ ಅವರ ಜತೆಗೂಡಿ ಗೋವೆಯ ಮೊದಲ ಪೋರ್ಚುಗೀಸ್ ದಿನಪತ್ರಿಕೆ 'ಓ ಹೆರಾಲ್ಡೊ'ವನ್ನು ಹೊರತಂದಾಗ ಅವರಿಗಿನ್ನೂ 22 ವರ್ಷ. 1911ರಲ್ಲಿ 'ಓ ದೆಬಾತ್' ಪತ್ರಿಕೆ ತಾವೇ ತೆಗೆದರು. ಅದರ ಹಿಂದಿನ ವರ್ಷವಷ್ಟೇ ಲಿಸ್ಬನ್ನಿನಲ್ಲಿ ದೊರೆತನ ಉರುಳಿ ಗಣರಾಜ್ಯ ಬಂದಿತ್ತು. ಚರ್ಚಿನಿಂದ ಸರ್ಕಾರ ಬೇರೆಯಾಯಿತು. ಗೋವೆಯ ಹಿಂದೂಗಳು ನಾಗರಿಕರಾಗಿ ಸರಿಸಮ ನಿಲ್ಲುವಂತಾಯಿತು. ಮೆನೆಜಿಸ್ ಬ್ರಗಾಂಜಾ ಆ ಬದಲಾವಣೆಯನ್ನು ಮನಸಾರೆ ಸ್ವಾಗತಿಸಿದರು.

ಆ ಭರವಸೆ ಬಹುಕಾಲ ಬಾಳಲಿಲ್ಲ. 1926ರ ಮೇ 28ರಂದು ಸೈನ್ಯ ಲಿಸ್ಬನ್ನಿನ ಅಧಿಕಾರ ಹಿಡಿಯಿತು. 1928ರಲ್ಲಿ ಅರ್ಥಮಂತ್ರಿಯಾಗಿ ಬಂದ ಸಲಾಜಾರ್ ಬೊಕ್ಕಸದ ಬೀಗದ ಕೈ ಜತೆಗೆ ದೇಶದ ಜುಟ್ಟನ್ನೂ ಹಿಡಿದರು. ಅವರ ಕೈಯಲ್ಲಿ ರೂಪುಗೊಂಡದ್ದು 1930ರ ವಸಾಹತು ಶಾಸನ. ಕಡಲಾಚೆಯ ನಾಡುಗಳನ್ನು ಹೊಂದುವುದು, ಅಲ್ಲಿನ ಮೂಲನಿವಾಸಿಗಳನ್ನು 'ನಾಗರಿಕ'ರನ್ನಾಗಿಸುವುದು ಪೋರ್ಚುಗಲ್ಲಿನ ಹುಟ್ಟುಗುಣ ಎಂದು ಆ ಶಾಸನ ಸಾರಿತು. ಸಾವಿರ ವರ್ಷಗಳ ಹಿಂದೆ ರಾಜಧಾನಿಯಾಗಿ ಮೆರೆದ ಊರಿನ ಮಗನಿಗೆ ಈ ಮಾತು ಎಷ್ಟು ಚುಚ್ಚಿರಬೇಕು!

ಆ ವರ್ಷದ ಕಾವೇ ಬೇರೆ. ಏಪ್ರಿಲಿನಲ್ಲಿ ಗಾಂಧೀಜಿ ದಂಡಿಯಲ್ಲಿ ಉಪ್ಪು ಎತ್ತಿದರು. ಒಂದು ವಾರದಲ್ಲೇ, ಗೋವೆಯ ಗಡಿಯಿಂದ ಅಷ್ಟೇನೂ ದೂರವಿಲ್ಲದ ನಮ್ಮ ಅಂಕೋಲೆಯಲ್ಲೂ ಉಪ್ಪಿನ ಸತ್ಯಾಗ್ರಹ ನಡೆಯಿತು. ಮೇ ತಿಂಗಳಲ್ಲಿ ಫ್ರಾನ್ಸಿನ ವಿದೇಶಾಂಗ ಮಂತ್ರಿ ಅರಿಸ್ತೀದ್ ಬ್ರಿಯಾಂ ಯುರೋಪಿನ ದೇಶಗಳೆಲ್ಲ ಒಕ್ಕೂಟವಾಗಲಿ ಎಂಬ ಪ್ರಸ್ತಾವವನ್ನು ಸರ್ಕಾರಗಳ ಮುಂದಿಟ್ಟರು. ಯುರೋಪು ತನ್ನ ನಾಳಿನ ನೆಮ್ಮದಿಯನ್ನು ಲೆಕ್ಕ ಹಾಕುತ್ತಿದ್ದ ಆ ಹೊತ್ತಿಗೆ, ಜುಲೈ 4ರಂದು, ಪಣಜಿಯ ಶಾಸನ ಮಂಡಳಿಯಲ್ಲಿ ಮೆನೆಜಿಸ್ ಬ್ರಗಾಂಜಾ ಎದ್ದು ನಿಂತು ಒಂದು ಠರಾವು ಮಂಡಿಸಿದರು. ಎಲ್ಲ ಜನಾಂಗಗಳಿಗೂ ತಮ್ಮ ವ್ಯಕ್ತಿತ್ವವನ್ನು ಪೂರ್ಣವಾಗಿ ಬೆಳೆಸಿಕೊಂಡು ತಮ್ಮನ್ನು ತಾವೇ ಆಳಿಕೊಳ್ಳುವ ಹಕ್ಕಿದೆ. ಪೋರ್ಚುಗೀಸ್ ಇಂಡಿಯಾ ಆ ಹಕ್ಕನ್ನು ಬಿಟ್ಟುಕೊಡುವುದಿಲ್ಲ ಎಂಬುದು ಅದರ ತಾತ್ಪರ್ಯ. ಸಭೆ ಅದನ್ನು ಅಂಗೀಕರಿಸಿತು. ನಾಲ್ಕೇ ದಿನಕ್ಕೆ ಲಿಸ್ಬನ್ನಿನಲ್ಲಿ ವಸಾಹತು ಶಾಸನ ಹೊರಬಿತ್ತು. ಠರಾವಿಗೆ ಅದನ್ನು ತಡೆಯುವ ಬಲವಿರಲಿಲ್ಲ. ಆದರೆ ಗೋವೆಯವರು ಒಪ್ಪಿಯೇ ತಲೆಬಾಗಿದರು ಎಂದು ಹೇಳುವ ದಾರಿ ಅಂದಿಗೇ ಮುಚ್ಚಿಹೋಯಿತು. ನನ್ನ ಮಟ್ಟಿಗೆ ಅವರ ಬಾಳಿನ ಎಲ್ಲ ಸಂಪಾದಕೀಯಗಳಿಗಿಂತ ತೂಕದ ಕೆಲಸ ಇದು.

ಒಂದು ಕೊರತೆಯನ್ನು ಹೇಳಲೇಬೇಕು. ಅವರ ಪೋರ್ಚುಗೀಸ್ ಗದ್ಯ ಗದ್ದೆಯಲ್ಲಿ ದುಡಿಯುವ ಕುಣಬಿಗಾಗಲಿ, ಭಾಟ್ಕಾರನ ಹಿತ್ತಿಲಲ್ಲಿ ನೆಲೆಸಿದ ಒಕ್ಕಲು ಮುಂಡ್ಕಾರನಿಗಾಗಲಿ ಎಟುಕುವಂಥದ್ದಲ್ಲ. ಜನರ ನಡುವೆ ಸಂಘಟನೆ ಕಟ್ಟುವ ಕೆಲಸಕ್ಕೆ ಮುಂದಾದವರು ಅವರ ಹೆಂಡತಿಯ ಸೋದರ ತ್ರಿಸ್ತಾಂವ್ ಬ್ರಗಾಂಜಾ ಕುನ್ಹಾ. ಪಾಂಡಿಚೇರಿಯಲ್ಲೂ ಪ್ಯಾರಿಸ್ಸಿನಲ್ಲೂ ಓದಿ, ಜಲಿಯನ್‌ವಾಲಾ ಬಾಗಿನ ಕ್ರೌರ್ಯವನ್ನು ಫ್ರೆಂಚ್ ಪತ್ರಿಕೆಗಳ ಓದುಗರಿಗೆ ತಿಳಿಸಿದ ಇಂಜಿನಿಯರ್ ಅವರು. 1926ರಲ್ಲಿ ಊರಿಗೆ ಮರಳಿ, 1928ರಲ್ಲಿ ಗೋವಾ ಕಾಂಗ್ರೆಸ್ ಸಮಿತಿಯನ್ನು ಸ್ಥಾಪಿಸಿದರು.

ಠರಾವಿನ ನಂತರದ ವರ್ಷಗಳು ಸೆನ್ಸಾರಿನ ಕತ್ತರಿಯ ಕಾಲ. ಮೆನೆಜಿಸ್ ಬ್ರಗಾಂಜಾ ಬರೆಯುತ್ತಿದ್ದ 'ಪ್ರಕಾಶ' ಪತ್ರಿಕೆಯ ಬಾಯನ್ನೂ ಸರ್ಕಾರ ಮುಚ್ಚಿಸಿತು. 1938ರ ಜುಲೈ 10ರಂದು ಅವರು ತೀರಿಕೊಂಡರು. ಜನ ಅಲ್ಲಿ ಕೂಡಿಯಾರೆಂಬ ಅಂಜಿಕೆಯಿಂದ ಸರ್ಕಾರ ಅವರ ಸಮಾಧಿಗೆ ಕಾವಲು ಹಾಕಿತ್ತೆಂಬ ಮಾತಿದೆ. ಎಂಟು ವರ್ಷಗಳ ನಂತರ, 1946ರ ಜೂನ್ 18ರಂದು, ಮಡಗಾಂವಿನಲ್ಲಿ ರಾಮಮನೋಹರ ಲೋಹಿಯಾ ಮಾತಿಗೆ ನಿಂತಾಗ ಸಾಷ್ಟಿಯ ಜನ ಬಹಿರಂಗವಾಗಿ ನೆರೆದರು. ಅದರ ಬೆನ್ನಿಗೇ ಕುನ್ಹಾ ಸೆರೆಯಾಗಿ, ಸೈನಿಕ ನ್ಯಾಯಾಲಯದಿಂದ ಎಂಟು ವರ್ಷದ ಶಿಕ್ಷೆ ಪಡೆದು ಪೋರ್ಚುಗಲ್ಲಿನ ಪೆನಿಶ್ ಕೋಟೆಗೆ ಹೋದರು. ಅಲ್ಲಿಂದ ಬಿಡುಗಡೆಯಾದ ಮೇಲೂ ಅವರಿಗೆ ಗೋವೆಗೆ ಮರಳಲಾಗಲಿಲ್ಲ, 1958ರಲ್ಲಿ ಮುಂಬಯಿಯಲ್ಲಿ ಕಣ್ಣು ಮುಚ್ಚಿದರು.

1961ರ ಡಿಸೆಂಬರ್ 19ಕ್ಕೆ ಗೋವೆ ಬಿಡುಗಡೆಯಾಯಿತು. 1871ರಲ್ಲಿ ವಾಸ್ಕೊ ಡ ಗಾಮನ ಹೆಸರಲ್ಲಿ ಹುಟ್ಟಿದ್ದ ಪಣಜಿಯ ವಿದ್ವತ್ಸಂಸ್ಥೆಗೆ ಮೆನೆಜಿಸ್ ಬ್ರಗಾಂಜಾ ಅವರ ಹೆಸರಿಟ್ಟರು. ಅದರ ಹಜಾರದ ಗೋಡೆಯ ನೀಲಿ ಹೆಂಚುಗಳಲ್ಲಿ ಗಾಮನ ಕಡಲಯಾನದ ಚಿತ್ರಗಳು ಹಾಗೆಯೇ ಉಳಿದಿವೆ. ಅವನ್ನು ಕೀಳದೆ ಬಿಟ್ಟದ್ದು ಒಳ್ಳೆಯದೇ ಆಯಿತು. 1963ರ ಡಿಸೆಂಬರಿನಲ್ಲಿ ಗೋವೆಯ ಮೊದಲ ವಿಧಾನಸಭಾ ಚುನಾವಣೆ ನಡೆದಾಗ ಭಾಟ್ಕಾರನಿಗೆ ಒಂದು ವೋಟು, ಮುಂಡ್ಕಾರನಿಗೂ ಒಂದು ವೋಟು.