ಅಚೇ: ಸಂಘರ್ಷೋತ್ತರ ರಾಜಕೀಯ ಮತ್ತು ಆರ್ಥಿಕತೆ
ಇಂಡೋನೇಷ್ಯಾದ ಸುಮಾತ್ರಾ ದ್ವೀಪದ ಉತ್ತರ ತುದಿಯ ಪ್ರಾಂತ. ರಾಜಧಾನಿ ಬಂಡಾ ಅಚೇ. 1971ರಲ್ಲಿ ಇಲ್ಲಿನ ಅರುನ್‌ನಲ್ಲಿ ನೈಸರ್ಗಿಕ ಅನಿಲ ಸಿಕ್ಕಿತಾದರೂ ಆದಾಯದ ಬಹುಪಾಲು ಸೇರಿದ್ದು ಜಕಾರ್ತಾದ ಕೇಂದ್ರ ಸರ್ಕಾರಕ್ಕೆ. ಈ ಅಸಮಾಧಾನದ ನಡುವೆ 1976ರಲ್ಲಿ ಹಸನ್ ಡಿ ಟಿರೊ ಸ್ವತಂತ್ರ ಅಚೇ ಚಳವಳಿ ಆರಂಭಿಸಿದರು. ಚಳವಳಿಯ ಬಂಡುಕೋರರು ಮತ್ತು ಸರ್ಕಾರದ ನಡುವಣ ಸುಮಾರು ಮೂರು ದಶಕಗಳ ಕಾಳಗವನ್ನು 2004ರ ಸುನಾಮಿಯೇ ನಿಲ್ಲಿಸಿತೆಂಬ ಮಾತು ಅರ್ಧಸತ್ಯ. ಮಾತುಕತೆಯ ಯತ್ನಗಳು ಅದಕ್ಕೂ ಮೊದಲೇ ನಡೆದಿದ್ದವು. ಫಿನ್ಲೆಂಡಿನ ಮಾಜಿ ಅಧ್ಯಕ್ಷ ಮಾರ್ಟಿ ಅಹ್ತಿಸಾರಿಯವರ ಮಧ್ಯಸ್ಥಿಕೆಯಲ್ಲಿ 2005ರ ಆಗಸ್ಟ್ 15ರಂದು ಹೆಲ್ಸಿಂಕಿಯಲ್ಲಿ ಒಪ್ಪಂದವಾಯಿತು. ಬಂಡುಕೋರರು ಸ್ವಾತಂತ್ರ್ಯದ ಬೇಡಿಕೆ ಕೈಬಿಟ್ಟರು. ಪ್ರಾಂತಕ್ಕೆ ವಿಶಾಲ ಸ್ವಾಯತ್ತತೆ, ತೈಲ-ಅನಿಲ ಆದಾಯದಲ್ಲಿ ಶೇ. 70ರ ಪಾಲು, ಸ್ಥಳೀಯ ಪಕ್ಷ ಕಟ್ಟುವ ಹಕ್ಕು ದಕ್ಕಿದವು. 2006ರ ಚುನಾವಣೆಯಲ್ಲಿ ಮಾಜಿ ಬಂಡುಕೋರ ಇರ್ವಂದಿ ಯೂಸುಫ್ ಗವರ್ನರ್ ಹುದ್ದೆಗೆ ಆಯ್ಕೆಯಾದರು. ಅಷ್ಟರಲ್ಲಿ ಅನಿಲ ಬತ್ತತೊಡಗಿತ್ತು. ಅರುನ್‌ನಿಂದ ದ್ರವೀಕೃತ ಅನಿಲದ ಕೊನೆಯ ರಫ್ತು 2014ರಲ್ಲಿ. ಸ್ವಾಯತ್ತತೆಯ ಭಾಗವಾಗಿ ಕೇಂದ್ರ ನೀಡುವ ನಿಧಿಗೆ ಸಂಬಂಧಿಸಿದ ಲಂಚ ಪ್ರಕರಣದಲ್ಲಿ 2018ರಲ್ಲಿ ಇರ್ವಂದಿಯವರೇ ಬಂಧಿತರಾದರು.