ಒಂಟಿ ಹಾಡಿನ ಜೋಡಿ ದನಿ: ಎಲಿಯಟ್ ಸ್ಮಿತ್‌ನ ‘ರೋಮನ್ ಕ್ಯಾಂಡಲ್’ ಮತ್ತು ನಾಲ್ಕು ಟ್ರ್ಯಾಕಿನ ಕ್ಯಾಸೆಟ್

ಎಲಿಯಟ್ ಸ್ಮಿತ್‌ನ ಮೊದಲ ಸ್ವತಂತ್ರ ಆಲ್ಬಮ್ ‘ರೋಮನ್ ಕ್ಯಾಂಡಲ್’ (1994) ಕುರಿತು ಬರೆದವರು ಸಾಮಾನ್ಯವಾಗಿ ಅದನ್ನು ಹಾಡುಗಾರನ ದಿನಚರಿಯೆಂದೇ ಓದುತ್ತಾರೆ. ಅಮೆರಿಕದ ಪೋರ್ಟ್‌ಲ್ಯಾಂಡ್ ನಗರದ ಒಂದು ಮನೆಯ ನೆಲಮಾಳಿಗೆ, ಗಿಟಾರು, ಪಿಸುದನಿ, ಹಿನ್ನೆಲೆಯಲ್ಲಿ ಟೇಪಿನ ಸದ್ದು. ಇಷ್ಟಿದ್ದರೆ ಅದು ಎದೆ ತೋಡಿಕೊಂಡದ್ದೇ ಸರಿ ಎಂಬುದು ಆ ಓದಿನ ನಂಬಿಕೆ. ಮಲತಂದೆಯ ಮನೆಯ ಕಹಿ ಬಾಲ್ಯ, 2003ರಲ್ಲಿ 34ನೇ ವಯಸ್ಸಿಗೇ ಬಂದ ಸಾವು, ಇವೆರಡೂ ಅದಕ್ಕೆ ಇಂಬುಗೊಟ್ಟಿವೆ. ಈ ಲೇಖನದ ವಾದ ಬೇರೆ. ಈ ಧ್ವನಿಮುದ್ರಣದ ಒಂಟಿತನ ತಾನಾಗಿ ಸೋರಿ ಬಂದದ್ದಲ್ಲ, ಕಟ್ಟಿದ್ದು. ತಾನು ಹಾಡಿದ ಸಾಲಿನ ಮೇಲೆ ಅದೇ ಸಾಲನ್ನು ತಾನೇ ಇನ್ನೊಮ್ಮೆ ಹಾಡಿ ಕೂರಿಸುವುದು ಆ ಕಟ್ಟುವಿಕೆಯ ಮುಖ್ಯ ಉಪಾಯ.

1993ರ ಹೊತ್ತಿಗೆ ಸ್ಮಿತ್ ಪೋರ್ಟ್‌ಲ್ಯಾಂಡಿನ ‘ಹೀಟ್‌ಮೈಸರ್’ ತಂಡದ ಇಬ್ಬರು ಹಾಡುಗಾರರಲ್ಲಿ ಒಬ್ಬ. ಇನ್ನೊಬ್ಬ ನೀಲ್ ಗಸ್ಟ್. ಅದು ಅಬ್ಬರದ ತಂಡ. ಉತ್ತರದ ಸಿಯಾಟಲ್‌ನಿಂದ ಗ್ರಂಜ್‌ನ ಗದ್ದಲ ಇಡೀ ವಾಯವ್ಯ ಸೀಮೆಯನ್ನು ತುಂಬಿದ್ದ ಕಾಲ. ಮೆಲ್ಲಗೆ ಹಾಡುವವನಿಗೆ ಅಲ್ಲಿ ಅಂಥ ಬೇಡಿಕೆಯೇನೂ ಇರಲಿಲ್ಲ. ತಂಡದ ವ್ಯವಸ್ಥಾಪಕಿಯೂ ಸ್ಮಿತ್‌ನ ಆಗಿನ ಗೆಳತಿಯೂ ಆಗಿದ್ದ ಜೆ.ಜೆ. ಗಾನ್ಸನ್ ಅವರ ಮನೆಯಲ್ಲಿ, ಎರವಲು ತಂದ ನಾಲ್ಕು ಟ್ರ್ಯಾಕಿನ ಕ್ಯಾಸೆಟ್ ಯಂತ್ರ ಮತ್ತು ಎರವಲು ಗಿಟಾರಿನಿಂದ ಆತ ಈ ಹಾಡುಗಳನ್ನು ಮುದ್ರಿಸಿಕೊಂಡ. ಅವನ್ನು ‘ಕ್ಯಾವಿಟಿ ಸರ್ಚ್’ ಎಂಬ ಊರಿನದೇ ಸಣ್ಣ ಕಂಪನಿಗೆ ಕೊಟ್ಟಾಗ ಹೆಚ್ಚೆಂದರೆ ಒಂದು ಏಳಿಂಚಿನ ತಟ್ಟೆ ಹೊರಬಂದೀತೆಂದು ಎಣಿಸಿದ್ದ. ಕಂಪನಿಯವರು ಪೂರಾ ಆಲ್ಬಮನ್ನೇ ಕೇಳಿದರು. ಹಾಗೆ ಒಂಬತ್ತು ರಚನೆಗಳ, ಅರ್ಧ ಗಂಟೆಯ ಈ ಕೃತಿ 1994ರ ಜುಲೈನಲ್ಲಿ ಬಂತು.

ಯಂತ್ರದ ಸ್ವಭಾವವನ್ನು ಬಿಟ್ಟು ಈ ಕೃತಿಯನ್ನು ಚರ್ಚಿಸಲಾಗದು. ಸಾಮಾನ್ಯ ಕ್ಯಾಸೆಟ್ಟಿನ ಒಂದೊಂದು ಬದಿಗೆ ಎರಡೆರಡು ಟ್ರ್ಯಾಕು, ಅಂದರೆ ಸದ್ದು ಹಿಡಿದಿಡುವ ಪ್ರತ್ಯೇಕ ಪಟ್ಟಿ. ನಾಲ್ಕು ಟ್ರ್ಯಾಕಿನ ಯಂತ್ರ ಆ ನಾಲ್ಕನ್ನೂ ಒಂದೇ ದಿಕ್ಕಿಗೆ ಓಡಿಸುತ್ತದೆ. ನಾಲ್ಕಕ್ಕಿಂತ ಹೆಚ್ಚು ಸೇರಿಸಬೇಕಾದರೆ, ನಾಲ್ಕೂ ತುಂಬುವ ಮೊದಲೇ ಎರಡು ಮೂರನ್ನು ಬೆರೆಸಿ ಖಾಲಿ ಉಳಿದ ಒಂದಕ್ಕೆ ಇಳಿಸಬೇಕು. ಇಳಿಸಿದ್ದನ್ನು ಮತ್ತೆ ಬಿಡಿಸಲು ಬರುವುದಿಲ್ಲ, ಟೇಪಿನ ಸದ್ದೂ ಏರುತ್ತದೆ. ಇಂಥ ಇಕ್ಕಟ್ಟಿನಲ್ಲಿ ಒಂದು ಟ್ರ್ಯಾಕನ್ನು ಆಗಲೇ ಹಾಡಿಯಾದ ಸಾಲಿಗೇ ಮತ್ತೆ ಕೊಡುವುದು ದುಂದು. ಆ ದುಂದಿಗೆ ಸ್ಮಿತ್ ಕೈಹಾಕಿದ ಎಂಬುದೇ ನನ್ನ ವಾದದ ಮೊದಲ ಆಧಾರ.

ಮೇಲಾಗಿ ಅದು ಸುಲಭದ ಕೆಲಸವಲ್ಲ. ಎರಡನೆಯ ಸಲ ಹಾಡುವಾಗ ವ್ಯಂಜನಗಳು ಅದೇ ಗಳಿಗೆಗೆ ಬೀಳಬೇಕು, ಉಸಿರು ಅದೇ ಜಾಗದಲ್ಲಿ ನಿಲ್ಲಬೇಕು, ಸ್ವರದ ಎಳೆತ ಅಷ್ಟೇ ಇರಬೇಕು. ಲಂಡನ್ನಿನ ಆಬಿ ರೋಡ್ ಸ್ಟುಡಿಯೊದಲ್ಲಿ ಬೀಟಲ್ಸ್ ತಂಡದ ಜಾನ್ ಲೆನನ್‌ಗೆ ಈ ಇಮ್ಮಡಿ ದುಡಿಮೆ ಬೇಸರ ತರಿಸಿದ್ದರಿಂದಲೇ 1966ರಲ್ಲಿ ಎಂಜಿನಿಯರ್ ಕೆನ್ ಟೌನ್‌ಸೆಂಡ್ ಅದನ್ನು ಯಂತ್ರದಿಂದ ಮಾಡುವ ದಾರಿ ಹುಡುಕಿದ್ದು. ಬೀಟಲ್ಸ್‌ನ ಪರಮಭಕ್ತನಾಗಿದ್ದ ಸ್ಮಿತ್ ಮಾತ್ರ ಬಾಯಿಂದಲೇ ಮಾಡಿದ. ಎರಡು ಹಾಡಿಕೆಗಳ ನಡುವೆ ಉಳಿಯುವ ಕೂದಲೆಳೆಯ ವ್ಯತ್ಯಾಸದಿಂದ ದನಿಗೆ ನಸುಕಂಪನ ಬರುತ್ತದೆ. ಮೈಕಿಗೆ ತುಟಿ ತಾಗುವಷ್ಟು ಹತ್ತಿರದ ಪಿಸುಮಾತು ಯಾರದ್ದೆಂದು ಗುರುತು ಹತ್ತದ ಹಾಗೆ ಮಸುಕಾಗುತ್ತದೆ. ಆಪ್ತತೆ, ದೂರ ಎರಡೂ ಒಟ್ಟಿಗೇ ಕೇಳಿಸುತ್ತವೆ. ಉಕ್ಕಿ ಬಂದ ಸಂಕಟವನ್ನು ಯಾರೂ ಹೀಗೆ ಅಳತೆಗೆ ತಕ್ಕಂತೆ ಎರಡೆರಡು ಸಲ ಉಕ್ಕಿಸುವುದಿಲ್ಲ.

ಹೊರಗಿನ ಗುರುತುಗಳೂ ಇದಕ್ಕೆ ಹೊಂದುತ್ತವೆ. ಒಂಬತ್ತರಲ್ಲಿ ನಾಲ್ಕು ಹಾಡುಗಳಿಗೆ ಹೆಸರೇ ಇಲ್ಲ, ‘ನೋ ನೇಮ್’ ಎಂದು ಬರೆದು ಒಂದರಿಂದ ನಾಲ್ಕರವರೆಗೆ ಅಂಕಿ ಹಾಕಿದೆ. ಕೊನೆಯದಕ್ಕೆ ಸಾಹಿತ್ಯವೇ ಇಲ್ಲ. ಗಾನ್ಸನ್ ತೆಗೆದ ಮುಖಪುಟದ ಚಿತ್ರದಲ್ಲಿರುವವನು ಸ್ಮಿತ್ ಅಲ್ಲ, ಗಸ್ಟ್ ಮತ್ತು ಒಬ್ಬ ಗೆಳತಿ. ಆತ್ಮಚರಿತ್ರೆಯ ಹೊದಿಕೆಯ ಮೇಲೆ ಬೇರೆಯವರ ಮುಖ!

2010ರ ಮರುಮುದ್ರಣ ಇನ್ನೊಂದು ಪ್ರಶ್ನೆ ಎತ್ತಿತು. ಸ್ಮಿತ್‌ನ ಧ್ವನಿಮುದ್ರಣಗಳನ್ನು ನೋಡಿಕೊಳ್ಳುತ್ತಿದ್ದ ಲ್ಯಾರಿ ಕ್ರೇನ್, ‘ಕಿಲ್ ರಾಕ್ ಸ್ಟಾರ್ಸ್’ ಕಂಪನಿ ಹೊರತಂದ ಈ ಆವೃತ್ತಿಯಲ್ಲಿ, ತಂತಿಯ ಮೇಲೆ ಬೆರಳು ಜಾರುವ ಕೀರಲು ಸದ್ದು, ಮೊನಚಾದ ‘ಸ’ಕಾರ ಇವನ್ನು ತಗ್ಗಿಸಿದರು. ಕೇಳಲು ಹಿತವಾಗಲಿ ಎಂಬುದು ಅವರ ಉದ್ದೇಶ. ಗ್ರಂಥಸಂಪಾದನೆಯಲ್ಲಿ ಪಳಗಿದ ನಮಗೆ ಈ ತೊಡಕು ಹೊಸದಲ್ಲ: ಓಲೆಯ ಮೇಲಿನ ಗೀರು ಲಿಪಿಕಾರನ ಕೈತಪ್ಪೋ, ಪಾಠದ ಭಾಗವೋ? ದಿನಚರಿಯೆಂದು ಓದುವವರು ಒಂದು ಸದ್ದನ್ನೂ ಕಳೆಯಲು ಒಪ್ಪಲಾರರು, ಅವರಿಗೆ ಕೀರಲೂ ಸಾಕ್ಷ್ಯ. ಕಟ್ಟಿದ ಕೃತಿಯೆಂದು ಒಪ್ಪುವ ನನಗೆ ಕ್ರೇನ್ ಅವರ ಕೆಲಸ ಅಪಚಾರವೆನಿಸುವುದಿಲ್ಲ. ಆದರೂ ಯಾವ ಆವೃತ್ತಿಯನ್ನು ಕೇಳಿ ಬರೆಯುತ್ತಿದ್ದೇವೆಂದು ವಿಮರ್ಶಕರು ಹೇಳಲೇಬೇಕು, ಅನೇಕರು ಹೇಳುವುದಿಲ್ಲ.

ದುಡ್ಡಿಲ್ಲದ್ದರಿಂದ ಈ ಶೈಲಿ ಹುಟ್ಟಿತೆಂಬ ಆಕ್ಷೇಪ ಉಳಿಯುತ್ತದೆ. ಇದಕ್ಕೆ ಉತ್ತರ ಮುಂದಿನ ಆಲ್ಬಮ್‌ಗಳಲ್ಲಿದೆ. 1997ರಲ್ಲಿ ಗಸ್ ವ್ಯಾನ್ ಸ್ಯಾಂಟ್ ತಮ್ಮ ‘ಗುಡ್ ವಿಲ್ ಹಂಟಿಂಗ್’ ಚಿತ್ರಕ್ಕೆ ಸ್ಮಿತ್‌ನ ಹಾಡುಗಳನ್ನು ಬಳಸಿಕೊಂಡರು. ಅವುಗಳಲ್ಲಿ ‘ನೋ ನೇಮ್’ ಸರಣಿಯ ಮೂರನೆಯದೂ ಒಂದು. ಅದೇ ಚಿತ್ರಕ್ಕೆ ಬರೆದ ‘ಮಿಸ್ ಮಿಸರಿ’ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. 1998ರ ‘ಎಕ್ಸ್‌ಓ’ ಆಲ್ಬಮ್‌ಗೆ ‘ಡ್ರೀಮ್‌ವರ್ಕ್ಸ್’ ಕಂಪನಿಯ ಹಣವಿತ್ತು, ಒಳ್ಳೆಯ ಸ್ಟುಡಿಯೊ ಇತ್ತು, ಬೇಕಾದಷ್ಟು ಟ್ರ್ಯಾಕುಗಳಿದ್ದವು. ಅಲ್ಲೂ ಸ್ಮಿತ್ ತನ್ನ ಮೇಲೆ ತಾನೇ ಹಾಡಿದ. ಅದರ ಕೊನೆಯ ಹಾಡಿನಲ್ಲಿ ಗಿಟಾರೂ ಇಲ್ಲ. ಇರುವುದು ಪದರ ಪದರವಾಗಿ ಜೋಡಿಸಿದ ಆತನದೇ ದನಿಗಳು.