ಕಾಲುವೆಗಳ ಇತಿಹಾಸಕಾರ ಎಲ್.ಟಿ.ಸಿ. ರೋಲ್ಟ್

ಕಾಲುವೆ ಎಂದೊಡನೆ ಕನ್ನಡಿಗರಿಗೆ ನೆನಪಾಗುವುದು ಗದ್ದೆ, ನೀರಾವರಿ. ಇಂಗ್ಲೆಂಡಿನ ಮಧ್ಯಭಾಗದಲ್ಲಿ ಕಾಲುವೆಯೆಂದರೆ ಸರಕು ಸಾಗಣೆಯ ದಾರಿ. ಬ್ರಿಜ್‌ವಾಟರ್ ಡ್ಯೂಕನು ತನ್ನ ವರ್ಸ್ಲಿ ಗಣಿಯ ಕಲ್ಲಿದ್ದಲನ್ನು ಮ್ಯಾಂಚೆಸ್ಟರಿಗೆ ಒಯ್ಯಲು ತೋಡಿಸಿದ ಕಾಲುವೆಯಲ್ಲಿ 1761ರಲ್ಲಿ ದೋಣಿಗಳು ಸಂಚರಿಸತೊಡಗಿದವು. ಪೇಟೆಯಲ್ಲಿ ಕಲ್ಲಿದ್ದಲಿನ ಬೆಲೆ ಅರ್ಧಕ್ಕಿಳಿಯಿತು. ದಡದ ಮೇಲೆ ನಡೆಯುವ ಒಂದೇ ಕುದುರೆ ಸುಮಾರು 30 ಟನ್ ಸರಕನ್ನು ಎಳೆಯುತ್ತಿತ್ತು. ಮುಂದೆ ರೈಲು ಬಂದಿತು. ಅನೇಕ ಕಾಲುವೆಗಳನ್ನು ರೈಲ್ವೆ ಕಂಪನಿಗಳೇ ಕೊಂಡು ಕಡೆಗಣಿಸಿದವು.

ಈ ಅವನತಿಯನ್ನು ಕಣ್ಣಾರೆ ಕಂಡು ದಾಖಲಿಸಿದವರು ಎಲ್.ಟಿ.ಸಿ. ರೋಲ್ಟ್ (1910–1974). ವೃತ್ತಿಶಿಕ್ಷಣದಿಂದ ಎಂಜಿನಿಯರ್. 1939ರಲ್ಲಿ ಪತ್ನಿಯೊಡನೆ ‘ಕ್ರೆಸಿ’ ಎಂಬ ದೋಣಿಯನ್ನೇ ಮನೆ ಮಾಡಿಕೊಂಡು ಜಲಯಾನ ಹೊರಟರು. ಆ ಅನುಭವದ ‘ನ್ಯಾರೋ ಬೋಟ್’ ಕೃತಿ 1944ರಲ್ಲಿ ಪ್ರಕಟವಾಯಿತು. ಎಪ್ಪತ್ತು ಅಡಿ ಉದ್ದ, ಏಳು ಅಡಿ ಅಗಲದ ದೋಣಿಯ ಹಿಂಬದಿಯ ಪುಟ್ಟ ಕೋಣೆಯಲ್ಲಿ ಸಂಸಾರ ಹೂಡಿದ್ದ ದೋಣಿಗಾರರ ಬದುಕು ಓದುಗರಿಗೆ ಪರಿಚಯವಾಯಿತು. ಈ ಕೃತಿಯನ್ನು ಮೆಚ್ಚಿದ ರಾಬರ್ಟ್ ಐಕ್‌ಮನ್ ಅವರೊಡಗೂಡಿ 1946ರಲ್ಲಿ ಒಳನಾಡು ಜಲಮಾರ್ಗ ಸಂಘ ಸ್ಥಾಪನೆಯಾಯಿತು.

ಇತಿಹಾಸಜ್ಞಾನ ಹೋರಾಟಕ್ಕೆ ಒದಗಿದ ಬಗೆ ಸ್ವಾರಸ್ಯಕರ. ಸ್ಟ್ರಾಟ್‌ಫರ್ಡ್ ಕಾಲುವೆಗೆ ಅಡ್ಡಲಾಗಿ ಲಿಫರ್ಡ್ ಎಂಬಲ್ಲಿ ಮೇಲೆತ್ತಲಾಗದ ತಗ್ಗು ಸೇತುವೆಯೊಂದಿತ್ತು. ಕಾಲುವೆ ಗ್ರೇಟ್ ವೆಸ್ಟರ್ನ್ ರೈಲ್ವೆಯ ಸ್ವತ್ತಾಗಿದ್ದರೂ ಅದರಲ್ಲಿ ಸಂಚರಿಸುವ ಕಾನೂನುಬದ್ಧ ಹಕ್ಕು ಅಳಿದಿರಲಿಲ್ಲ. ಮುಂಚಿತವಾಗಿ ತಿಳಿಸಿದರೆ ಸೇತುವೆ ಎತ್ತಲಾಗುವುದೆಂಬ ಉತ್ತರ ಸಂಸತ್ತಿನಲ್ಲಿಯೇ ದೊರೆಯಿತು. 1947ರಲ್ಲಿ ರೋಲ್ಟ್ ಹಾಗೆಯೇ ತಿಳಿಸಿ ಕ್ರೆಸಿಯನ್ನು ತಂದು ನಿಲ್ಲಿಸಿದರು. ರೈಲ್ವೆ ಕೆಲಸಗಾರರು ಜಾಕ್ ಕೊಟ್ಟು ಸೇತುವೆ ಎತ್ತಬೇಕಾಯಿತು! ಮನವಿಪತ್ರಗಳಿಗೆ ಆಗದ ಕೆಲಸವಿದು.

ಆದರೆ ಸಂಘ ಒಡೆಯಿತು. ಪ್ರತಿಯೊಂದು ಕಾಲುವೆಯೂ ಉಳಿಯಬೇಕೆಂಬುದು ಐಕ್‌ಮನ್ ಹಟ. ಉಳಿಸಬಲ್ಲವನ್ನು ಮೊದಲು ಉಳಿಸೋಣ, ದುಡಿಯುವ ದೋಣಿಗಾರರಿಲ್ಲದೆ ಕಾಲುವೆಗೆ ಜೀವವಿಲ್ಲ ಎಂಬುದು ರೋಲ್ಟ್ ನಿಲುವು. 1951ರಲ್ಲಿ, ತಾವೇ ಕಟ್ಟಿದ ಸಂಘದಿಂದ ರೋಲ್ಟ್ ಉಚ್ಚಾಟಿತರಾದರು. ಇಬ್ಬರದೂ ಅರೆ ಗೆಲುವು ಎನ್ನಬೇಕು. 1964ರಲ್ಲಿ ಸ್ಟ್ರಾಟ್‌ಫರ್ಡ್ ಕಾಲುವೆಯ ದಕ್ಷಿಣ ಭಾಗ ದುರಸ್ತಿಯಾಗಿ ಮತ್ತೆ ತೆರೆಯಿತು. ಅದಕ್ಕೆ ಮುನ್ನವೇ, 1962–63ರ ಚಳಿಗಾಲದಲ್ಲಿ ಕಾಲುವೆಗಳು ಹೆಪ್ಪುಗಟ್ಟಿ, ಮೊದಲೇ ಕುಗ್ಗಿದ್ದ ಸರಕು ಸಾಗಣೆ ಬಹುಪಾಲು ನಿಂತುಹೋಗಿತ್ತು.

ಇಂಗ್ಲೆಂಡ್ ಮತ್ತು ವೇಲ್ಸ್‌ನ ಸುಮಾರು 3,200 ಕಿ.ಮೀ. ಜಲಮಾರ್ಗ 2012ರಿಂದ ‘ಕೆನಾಲ್ ಅಂಡ್ ರಿವರ್ ಟ್ರಸ್ಟ್’ನ ಸುಪರ್ದಿಯಲ್ಲಿದೆ. ಅಲ್ಲೀಗ ತೇಲುವ ದೋಣಿಗಳಲ್ಲಿ ಬಹುತೇಕ ವಿಹಾರದವು, ವಾಸದವು.